ಥೈರಾಯ್ಡ್ ಕಡಿಮೆ ಅಂತಾರೆ, ರಿಪೋರ್ಟಿನಲ್ಲಿ ಜಾಸ್ತಿ ಅಂತಿದೆ!

ಪ್ರಶ್ನೆ: ನನಗೆ 34 ವರ್ಷ. ಸದಾ ಸುಸ್ತು, ಕೂದಲು ಉದುರುತ್ತೆ, ಎಲ್ಲರೂ ಫ್ಯಾನ್ ಹಾಕಿದರೆ ನನಗೆ ಚಳಿ. ಥೈರಾಯ್ಡ್ ಕಡಿಮೆ ಇದೆ ಅಂದರು ಡಾಕ್ಟರು. ರಿಪೋರ್ಟಿನಲ್ಲಿ ನೋಡಿದರೆ ಟಿಎಸ್‌ಎಚ್ 11, ಹೆಚ್ಚು ಅಂತಿದೆ. ಯಾವುದು ನಿಜ? 50 ಮೈಕ್ರೋಗ್ರಾಂ ಮಾತ್ರೆ ಶುರು ಮಾಡಿ ಎರಡು ವಾರ ಆಯ್ತು, ಏನೂ ವ್ಯತ್ಯಾಸ ಇಲ್ಲ. ನಿಲ್ಲಿಸಿಬಿಡಲಾ?
– ಓದುಗರು, ಹಾಸನ

ಉತ್ತರ: ದಯವಿಟ್ಟು ನಿಲ್ಲಿಸಬೇಡಿ. ಎರಡೂ ನಿಜವೇ. ಟಿಎಸ್‌ಎಚ್ ಅನ್ನೋ ಹಾರ್ಮೋನು ಥೈರಾಯ್ಡ್ ಗ್ರಂಥಿಯದ್ದಲ್ಲ, ಮೆದುಳಿನ ಬುಡದಲ್ಲಿ ಕಡಲೆಕಾಳಿನಷ್ಟೇ ಇರುವ ಪಿಟ್ಯುಟರಿ ಗ್ರಂಥಿಯದ್ದು. ಕತ್ತಿನ ಮುಂದೆ ಚಿಟ್ಟೆಯ ಹಾಗಿರುವ ಥೈರಾಯ್ಡ್‌ಗೆ ‘ಕೆಲಸ ಮಾಡು’ ಅಂತ ಹೇಳುವುದು ಅದೇ. ಬೆಳಿಗ್ಗೆ ಅಡುಗೆಮನೆಯಿಂದ ಅಮ್ಮ ‘ಏಳೋ’ ಅಂತಾಳೆ, ಮಗ ಎದ್ದರೆ ಸುಮ್ಮನಾಗ್ತಾಳೆ, ಏಳದಿದ್ದರೆ ದನಿ ಏರುತ್ತಾ ಹೋಗುತ್ತೆ ಅಲ್ವಾ? ನಿಮ್ಮ 11 ಅಂದರೆ ಆ ಏರಿದ ದನಿ. ಮಾಮೂಲಾಗಿ ಅದು 0.4ರಿಂದ 4ರ ಆಸುಪಾಸು ಇರುತ್ತೆ. ಥೈರಾಯ್ಡ್ ಹಾರ್ಮೋನು ರಕ್ತದಲ್ಲಿ ಸಾಕಷ್ಟಾದರೆ ಪಿಟ್ಯುಟರಿ ತಾನಾಗಿಯೇ ಕೂಗು ಕಡಿಮೆ ಮಾಡುತ್ತೆ.

ಇನ್ನು ಎರಡು ವಾರದ ಮಾತು. ನಿಮ್ಮ ಮಾತ್ರೆಯಲ್ಲಿರೋದು ಥೈರಾಯ್ಡ್ ಹಾರ್ಮೋನೇ, ಅದು ನಿಧಾನದ್ದು. ಇವತ್ತು ನುಂಗಿದ ಮಾತ್ರೆಯಲ್ಲಿ ರಕ್ತ ಸೇರಿದ್ದರ ಅರ್ಧದಷ್ಟು ಒಂದು ವಾರವಾದ ಮೇಲೂ ಮೈಯಲ್ಲಿ ಇರುತ್ತೆ. ಹಾಗಾಗಿ ದಿನದಿನದ್ದು ಸೇರಿ ಸೇರಿ ಒಂದು ಮಟ್ಟಕ್ಕೆ ನಿಲ್ಲಲು ಐದಾರು ವಾರ ಬೇಕು. ಅದಕ್ಕೇ ಮತ್ತೆ ರಕ್ತ ಪರೀಕ್ಷೆ ಮಾಡಿಸಲು ಆರರಿಂದ ಎಂಟು ವಾರ ಕಾಯಿಸುವುದು.

ಒಂದು ವಿಷಯ ನೀವು ಬರೆದಿಲ್ಲ, ಮಾತ್ರೆ ಹೇಗೆ ತಗೋತೀರಿ ಅಂತ. ನಮ್ಮ ಅತ್ತೆ ತಿಂಗಳುಗಟ್ಟಲೆ ಬೆಳಗಿನ ಫಿಲ್ಟರ್ ಕಾಫಿಯ ಜೊತೆಗೇ ನುಂಗುತ್ತಿದ್ದರು, ಟಿಎಸ್‌ಎಚ್ ಇಳಿಯಲೇ ಇಲ್ಲ. ಕಾಫಿ ಮಾತ್ರೆಯನ್ನು ಸರಿಯಾಗಿ ಹೀರಿಕೊಳ್ಳಲು ಬಿಡೋದಿಲ್ಲ. ಈಗ ಹಾಸಿಗೆಯ ಪಕ್ಕದಲ್ಲೇ ನೀರಿನ ಚೊಂಬು, ಮಾತ್ರೆಯ ಪಟ್ಟಿ ಇಟ್ಟುಕೊಂಡು ಎದ್ದ ತಕ್ಷಣ ನುಂಗಿ, ಆಮೇಲೆ ಒಂದು ಗಂಟೆ ಬಿಟ್ಟು ಕಾಫಿ ಕುಡಿಯುತ್ತಾರೆ. ಕ್ಯಾಲ್ಸಿಯಂ, ಕಬ್ಬಿಣದ ಮಾತ್ರೆ ಇದ್ದರೆ ನಾಲ್ಕು ಗಂಟೆ ಅಂತರ ಇರಲಿ.

ಸುಸ್ತು ಹೋಗಲಿಲ್ಲ ಅಂತ ಸುಮ್ನೆ ನೀವೇ ಎರಡು ಮಾತ್ರೆ ಮಾಡಿಕೊಳ್ಳಬೇಡಿ, ಜಾಸ್ತಿಯಾದರೆ ಎದೆ ಡವಡವ ಅನ್ನುತ್ತೆ, ನಿದ್ದೆ ಹೋಗುತ್ತೆ. ಮಗು ಬೇಕು ಅಂತಿದ್ದರೆ ಮಾತ್ರ ಡಾಕ್ಟರಿಗೆ ಈಗಲೇ ಹೇಳಿಬಿಡಿ. ಮೊದಲ ಮೂರು ತಿಂಗಳು ಹೊಟ್ಟೆಯಲ್ಲಿರೋ ಮಗು ತಾಯಿಯ ಥೈರಾಯ್ಡ್ ಹಾರ್ಮೋನನ್ನೇ ನಂಬಿಕೊಂಡಿರುತ್ತೆ.