ಉಳಿದ ಪ್ರಶ್ನಾವಳಿ ರೂಮಿನಲ್ಲೇ ತುಂಬಬಹುದಾ?

ಪ್ರಶ್ನೆ: ಎಲೆಚುಕ್ಕೆ ರೋಗದಿಂದ ಸಣ್ಣ ಅಡಿಕೆ ಬೆಳೆಗಾರರಿಗೆ ಆದ ನಷ್ಟದ ಬಗ್ಗೆ ಪಿಎಚ್‌ಡಿ ಮಾಡುತ್ತಿದ್ದೇನೆ. 120 ಪ್ರಶ್ನಾವಳಿ ತುಂಬಿಸಬೇಕಿತ್ತು. ಟಾರು ರಸ್ತೆ ಇರುವ ಊರುಗಳಲ್ಲಿ 74 ಆಗಿದೆ. ನಮ್ಮ ತಾಲೂಕಿನ ನಗರ, ನಿಟ್ಟೂರು ಎಂಬ ಊರುಗಳ ಕಡೆಯ ಒಳಗಿನ ಮನೆಗಳಿಗೆ ಈ ಮಳೆಯಲ್ಲಿ ಹೋಗಲು ಆಗುತ್ತಿಲ್ಲ. "ಉಳಿದದ್ದು ರೂಮಿನಲ್ಲೇ ತುಂಬು, ಕೃತಿಚೌರ್ಯ ಹಿಡಿಯುವ ಸಾಫ್ಟ್‌ವೇರ್‌ಗೆ ಸಿಗಲ್ಲ" ಅನ್ನುತ್ತಾರೆ ಸೀನಿಯರ್‌ಗಳು. ಏನು ಮಾಡಲಿ ಸರ್?
– ಸಂಶೋಧನಾ ವಿದ್ಯಾರ್ಥಿನಿ, ಹೊಸನಗರ

ಉತ್ತರ: ಬೇಡಮ್ಮ. ಒಂದನ್ನೂ ಹಾಗೆ ತುಂಬಬೇಡಿ.

ಸಾಫ್ಟ್‌ವೇರ್‌ಗೆ ಸಿಗುವುದಿಲ್ಲ ಅನ್ನುವುದು ನಿಜ. ನಿಮ್ಮ ವಾಕ್ಯ ಬೇರೆಯವರ ಬರಹಕ್ಕೆ ಎಷ್ಟು ಹೋಲುತ್ತದೆ ಅಂತಷ್ಟೇ ಅದು ನೋಡುತ್ತದೆ. ಯುಜಿಸಿಯ 2018ರ ನಿಯಮದ ಶೇಕಡಾ ಲೆಕ್ಕವೂ ಅದರದ್ದೇ. ಹೋಲಿಕೆ ಶೇ. 10ರವರೆಗೆ ಇದ್ದರೆ ದಂಡನೆ ಇಲ್ಲ, 40ರವರೆಗೆ ತಿದ್ದಿ ಮತ್ತೆ ಕೊಡಬೇಕು, 60 ದಾಟಿದರೆ ನೋಂದಣಿಯೇ ರದ್ದು. ಸುಳ್ಳು ಅಂಕಿಯನ್ನು ಸ್ವಂತ ವಾಕ್ಯದಲ್ಲಿ ಬರೆದರೆ ರಿಪೋರ್ಟ್ ಚೊಕ್ಕವಾಗಿಯೇ ಬರುತ್ತದೆ. ಆ ರಿಪೋರ್ಟನ್ನೇ ಪ್ರಾಮಾಣಿಕತೆಯ ಸರ್ಟಿಫಿಕೇಟ್ ಅಂದುಕೊಂಡವರು ಜಾಸ್ತಿ ಆಗಿದ್ದಾರೆ. ನನಗೆ ಸಂಕಟ ಆಗುವುದು ಅದಕ್ಕೇ.

ರೂಮಿನಲ್ಲಿ ಕೂತು ನೀವು ಬರೆಯುವುದಾದರೂ ಏನನ್ನು? ಈಗಾಗಲೇ ಬಂದ 74 ಉತ್ತರಗಳನ್ನೇ ಅಷ್ಟಿಷ್ಟು ಬದಲಿಸಿ ಬರೆಯುತ್ತೀರಿ. ಅವರೆಲ್ಲ ರಸ್ತೆ ಬದಿಯವರು. ಮಳೆಗಾಲದಲ್ಲಿ ನಿಮಗೆ ತಲುಪಲಾಗದ ತೋಟಕ್ಕೆ ಔಷಧಿ ಹೊಡೆಯುವವರೂ ಸುಲಭಕ್ಕೆ ಬರುವುದಿಲ್ಲ, ಅಲ್ವಾ? ಈ ರೋಗದ ಶಿಲೀಂಧ್ರ ಹರಡುವುದೇ ಮಳೆಹನಿ ಸಿಡಿತಕ್ಕೆ, ಗಾಳಿಗೆ. ಹೆಚ್ಚು ಕಳೆದುಕೊಂಡವರು ಆ ಒಳಗಿನ ಮನೆಯವರೇ ಇರಬಹುದು. ಅವರ ಲೆಕ್ಕದಲ್ಲಿ ನೀವು ರಸ್ತೆ ಬದಿಯವರ ನಷ್ಟ ಬರೆದಿಡುತ್ತೀರಿ. ಥೀಸಿಸ್ ಶೋಧಗಂಗಾಕ್ಕೆ, ಅಂದರೆ ಪಿಎಚ್‌ಡಿ ಪ್ರಬಂಧಗಳನ್ನು ಎಲ್ಲರೂ ಓದುವಂತೆ ಇಡುವ ಆನ್‌ಲೈನ್ ಭಂಡಾರಕ್ಕೆ, ಹೋಗುತ್ತದೆ. ನಾಳೆ ಪರಿಹಾರದ ಬಗ್ಗೆ ಬರೆಯುವವರು ನಿಮ್ಮ ಕೋಷ್ಟಕವನ್ನು ನಂಬಿ ಎತ್ತಿಕೊಳ್ಳುತ್ತಾರೆ. ಒಂದು ಮಾತೂ ಕೇಳದೆ ಆ ಮನೆಯವರ ಬಾಯಿ ಮುಚ್ಚಿಸಿದಂತೆ ಆಗುತ್ತದೆ.

ಗೈಡ್ ಹತ್ತಿರ ಈ ವಾರವೇ ಮಾತಾಡಿ, ಅವಧಿ ವಿಸ್ತರಣೆ ಕೇಳಿ. ಸಿಕ್ಕರೆ ಕೊನೆಕೊಯ್ಲಿನ (ಅಡಿಕೆ ಗೊನೆ ಇಳಿಸುವ) ಸಮಯಕ್ಕೆ ಹೋಗಿ. ಬೆಳೆಗಾರರು ಅಂಗಳದಲ್ಲೇ ಸಿಗುತ್ತಾರೆ, ಆ ವರ್ಷದ ಫಸಲು ಎಷ್ಟು ಅಂತ ಕಣ್ಣೆದುರೇ ಇರುತ್ತದೆ. ಸಿಗದಿದ್ದರೆ 74 ಅಂತಲೇ ಬರೆಯಿರಿ. ಯಾವ ಊರು ಬಿಟ್ಟುಹೋಯಿತು, ಯಾಕೆ, ಅದರಿಂದ ನಷ್ಟ ಕಡಿಮೆ ಕಂಡಿರಬಹುದು ಅನ್ನುವುದನ್ನು ಅಧ್ಯಯನ ವಿಧಾನದ ಅಧ್ಯಾಯದಲ್ಲಿ ಬಿಡಿಸಿ ಹೇಳಿ. ಒಳ್ಳೆಯ ಪರೀಕ್ಷಕರು ಅದನ್ನು ಗೌರವದಿಂದಲೇ ಓದುತ್ತಾರೆ. ಫೋನಿನಲ್ಲಿ ಕೇಳಿದ ಉತ್ತರಗಳಿದ್ದರೆ ಹಾಗಂತ ಗುರುತು ಹಾಕಿ. ತುಂಬಿದ ಮೂಲ ಹಾಳೆಗಳನ್ನು ವೈವಾ ಮುಗಿದ ಮೇಲೂ ಜೋಪಾನವಾಗಿ ಇಟ್ಟುಕೊಳ್ಳಿ.