ಮೂಕಿ ಚಿತ್ರದಲ್ಲಿ ದನಿ ಎಲ್ಲಿಂದ ಬಂತು?

ಪ್ರಿಯರೇ,

ಕಮಲಾದೇವಿ ಚಟ್ಟೋಪಾಧ್ಯಾಯರ ನಟನೆಯ ಬಗ್ಗೆ ನೀವು ಉಡುಪಿಯಿಂದ ಕಳಿಸಿದ ಲೇಖನ ಓದಿದೆವು. ಈಗಿರುವ ಹಾಗೆ ಅಚ್ಚಿಗೆ ಹೋಗದು. ಆದರೆ ವಸ್ತುವನ್ನು ಬಿಡಬೇಡಿ. ಮಂಗಳೂರಿನಲ್ಲಿ ಹುಟ್ಟಿದ ಅವರನ್ನು ನಮ್ಮೂರವರೇ ಕೈಮಗ್ಗ, ಉಪ್ಪಿನ ಸತ್ಯಾಗ್ರಹಗಳಾಚೆಗೆ ಬಲ್ಲವರಲ್ಲ.

ದೊಡ್ಡ ತಪ್ಪು ಮೊದಲು. ‘ಮೃಚ್ಛಕಟಿಕ’ದಲ್ಲಿ ಅವರ ಇಂಪಾದ ದನಿಗೆ ಪ್ರೇಕ್ಷಕರು ಮೈಮರೆತರು ಎಂದಿದ್ದೀರಿ. ಸ್ವಾಮೀ, ಅದು ಮೂಕಿ! ‘ಮೃಚ್ಛಕಟಿಕ’ದ ನಾಯಕಿಯೂ ಅವರಲ್ಲ; ವಸಂತಸೇನೆಯಾದವರು 1928ರ ‘ಶಿರಾಝ್’ನಲ್ಲಿ ನಟಿಸಿದ್ದ ಏಣಾಕ್ಷಿ ರಾಮರಾವ್. ನಿರ್ದೇಶಕ ಮೋಹನ್ ಭವನಾನಿಯವರ ಹೆಸರಿಲ್ಲ. ಟಿ.ಪಿ. ಕೈಲಾಸಂ ನಟಿಸಿದ ಚಿತ್ರದ ಬಗ್ಗೆ ಬರೆದು ಕೈಲಾಸಂ ಅವರನ್ನೇ ಮರೆತರೆ ಕನ್ನಡದ ಓದುಗ ಕ್ಷಮಿಸುತ್ತಾನೆಯೇ? ಇಸವಿ 1929 ಎಂದೂ 1931 ಎಂದೂ ಬಳಕೆಯಲ್ಲಿದೆ. ನೀವು ಒಂದು ಪುಟದಲ್ಲಿ ಅದನ್ನೂ ಇನ್ನೊಂದರಲ್ಲಿ ಇದನ್ನೂ ಹಾಕಿದ್ದೀರಿ. ಎರಡನ್ನೂ ಒಂದೇ ಕಡೆ ಹೇಳಿ ಮುಂದೆ ಹೋಗಿ.

1913ರಲ್ಲಿ ಫಾಲ್ಕೆಯವರ ‘ಮೋಹಿನಿ ಭಸ್ಮಾಸುರ’ದಲ್ಲಿ ಮೋಹಿನಿಯಾದವರು ಕಮಲಾಬಾಯಿ ಗೋಖಲೆ. ನಮ್ಮ ಕಮಲಾದೇವಿ 1903ರಲ್ಲಿ ಹುಟ್ಟಿದವರು, ಆಗ ಹತ್ತು ವರ್ಷದ ಹುಡುಗಿ. ಹೆಸರು ನೋಡಿ ಮೋಸಹೋಗಿ ಅವರನ್ನೇ ಇವರೆಂದು ಬರೆದಿದ್ದೀರಿ.

‘ಗಡಿಬಿಡಿಯ ನಡಿಗೆ ಅಂದಿನ ಅಭಿನಯ ಶೈಲಿ’ ಎಂಬ ಮಾತನ್ನು ತೆಗೆಯಿರಿ. ಕೈಯಿಂದ ತಿರುಗಿಸುವ ಕ್ಯಾಮೆರಾ ಸೆಕೆಂಡಿಗೆ ಸುಮಾರು 16 ಚೌಕಟ್ಟು ಹಿಡಿಯುತ್ತಿತ್ತು. 35 ಮಿ.ಮೀ. ಫಿಲ್ಮಿನ ಒಂದು ಅಡಿಗೆ 16 ಚೌಕಟ್ಟು, ಅಂದರೆ ಸಾವಿರ ಅಡಿಯ ರೀಲು ಸುಮಾರು ಹದಿನೇಳು ನಿಮಿಷ. ಅದನ್ನೇ ಟಾಕಿಯ (ಮಾತಿನ ಚಿತ್ರದ) ಸೆಕೆಂಡಿಗೆ 24 ಚೌಕಟ್ಟಿನ ವೇಗದಲ್ಲಿ ಓಡಿಸಿದರೆ ಹನ್ನೊಂದೇ ನಿಮಿಷದಲ್ಲಿ ಮುಗಿಯುತ್ತದೆ. ಓಡಿದ್ದು ಯಂತ್ರ, ನಟಿಯಲ್ಲ. ‘ಕೆಂದುಟಿಯ ಹೊಳಪು’ ಕೂಡ ನಿಮ್ಮ ಕಲ್ಪನೆ. ಮೂಕಿಗಳಿಗೆ ಹೆಚ್ಚಾಗಿ ಬಳಸುತ್ತಿದ್ದ ಆರ್ಥೋಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪು ಕಾಣುತ್ತಲೇ ಇರಲಿಲ್ಲ. ತುಟಿಗೆ ಕೆಂಪು ಹಚ್ಚಿದರೆ ಪರದೆಯ ಮೇಲೆ ಕಪ್ಪು. ಕುಂಕುಮವೂ ಕಪ್ಪು ಬೊಟ್ಟು.

ಹೆಣ್ಣೊಬ್ಬಳು ಬಣ್ಣ ಹಚ್ಚಿದ್ದೇ ಸಾಹಸ ಎಂದು ನಾಲ್ಕು ಸಲ ಬರೆದಿದ್ದೀರಿ, ಯಾಕೆ ಎಂದು ಒಮ್ಮೆಯೂ ಇಲ್ಲ. ಯಕ್ಷಗಾನದ ಸ್ತ್ರೀವೇಷ ಗಂಡಸರದ್ದೇ ಆಗಿದ್ದ ಊರಿನವರು ನೀವು, ಅಲ್ಲಿಂದಲೇ ಹಿಡಿಯಬಹುದಿತ್ತು. ಸಾರಸ್ವತ ಮನೆತನದ ಮಗಳು, ಎಳವೆಯಲ್ಲೇ ವಿಧವೆಯಾಗಿ ಕವಿ ಹರೀಂದ್ರನಾಥ ಚಟ್ಟೋಪಾಧ್ಯಾಯರನ್ನು ಮರುಮದುವೆಯಾದವರು, 1926ರಲ್ಲಿ ಮದ್ರಾಸ್ ಶಾಸನಸಭೆಗೆ ನಿಂತು ಅಲ್ಪ ಮತಗಳಿಂದ ಸೋತವರು. ಅಂಥವರು ಕೆಲವೇ ವರ್ಷಗಳಲ್ಲಿ ಕ್ಯಾಮೆರಾದ ಮುಂದೆ ನಿಂತರು. ಲೇಖನ ಇಲ್ಲಿಂದ ಶುರುವಾಗಲಿ. ಪ್ರಶಸ್ತಿಗಳ ಪಟ್ಟಿಯ ಎರಡು ಪುಟ ಪೂರ್ತಿ ಹೋಗಲಿ.

1,800 ಪದಗಳನ್ನು 900ಕ್ಕೆ ಇಳಿಸಿ ಕಳಿಸಿ. ಬಣ್ಣ ತುಂಬಿದ ಫೋಟೋ ಬೇಡ, ಕಪ್ಪುಬಿಳುಪಿನ ಮೂಲ ಪ್ರತಿ ಬೇಕು. ಎಲ್ಲಿ ಸಿಕ್ಕಿತೆಂದು ಅದರ ಹಿಂಬದಿಯಲ್ಲಿ ಪೆನ್ಸಿಲ್‌ನಲ್ಲಿ ಬರೆಯಿರಿ.

— ಸಂಪಾದಕ