ಕೇಳಿ–ಹೇಳಿ: ‘ಎಂಡಿ’ ಎಂಬ ಬಿಳಿ ಹರಳು

ರಾಸಾಯನಿಕ ಮಾದಕ ವಸ್ತುಗಳ ಬಗ್ಗೆ ಮಂಗಳೂರು, ಉಡುಪಿ ಕಡೆಯ ಓದುಗರು ಕೇಳಿದ ಪ್ರಶ್ನೆಗಳಿಗೆ ಮನೋವೈದ್ಯರು, ತುರ್ತು ಚಿಕಿತ್ಸಾ ವೈದ್ಯರು ಮತ್ತು ವಕೀಲರು ಸೇರಿ ಉತ್ತರಿಸಿದ್ದಾರೆ. ಕೇಳಿದವರ ಹೆಸರು ಬಿಟ್ಟು ಊರು ಮಾತ್ರ ಹಾಕಿದ್ದೇವೆ.

ಪ್ರಶ್ನೆ: ಮಗ ದೇರಳಕಟ್ಟೆ ಕಡೆ ಓದುತ್ತಿದ್ದಾನೆ, ಪಿಜಿಯಲ್ಲಿದ್ದಾನೆ. ಶುಕ್ರವಾರ ಮನೆಗೆ ಬಂದರೆ ಎರಡು ರಾತ್ರಿ ಕಣ್ಣು ಮುಚ್ಚುವುದಿಲ್ಲ. ಭಾನುವಾರ ಮಲಗಿದರೆ ಸೋಮವಾರ ಸಂಜೆಯಾದರೂ ಏಳುವುದಿಲ್ಲ. ಊಟ ಸೇರುವುದಿಲ್ಲ. ಬಟ್ಟೆ ಒಗೆಯಲು ತೆಗೆದಾಗ ಪ್ಯಾಂಟಿನ ಜೇಬಿನಲ್ಲಿ ಹೆಬ್ಬೆರಳಿನ ಉಗುರಿನಷ್ಟು ಜಿಪ್ ಕವರು, ಒಳಗೆ ಕಲ್ಲುಸಕ್ಕರೆಯ ಚೂರಿನಂಥದ್ದು ಸಿಕ್ಕಿತು. ಇದು ಎಂಡಿಎಂಎಯಾ? ನಾನೇನು ಮಾಡಲಿ? — ತಾಯಿ, ಕಾಪು

ಉತ್ತರ: ಬರೀ ಕಣ್ಣಿನಲ್ಲಿ ನೋಡಿ ಯಾರೂ ಹೇಳಲಾರರು. ಬಿಳಿ ಹರಳು ಕಂಡರೆ ‘ಎಂಡಿ’, ಅಂದರೆ ಎಂಡಿಎಂಎ ಎಂಬ ಉತ್ತೇಜಕ ಮಾದಕ ವಸ್ತು, ಎಂದುಬಿಡುವುದು ಈಗ ರೂಢಿಯಾಗಿದೆ. ಆ ಹೆಸರಿನಲ್ಲಿ ಕೈಯಿಂದ ಕೈಗೆ ಹೋಗುವುದು ಎಷ್ಟೋ ಸಲ ಮೆಥಾಂಫೆಟಮೈನ್ (ಮೆಥ್) ಎಂಬ ಇನ್ನೊಂದು ಉತ್ತೇಜಕ. ಮುಂಬೈ ಕಡೆ ‘ಎಂಡಿ’ ಎಂದರೆ ಮೆಫೆಡ್ರೋನ್, ಅದು ಮೂರನೆಯದೇ ಒಂದು ವಸ್ತು. ಕೊಳ್ಳುವ ಹುಡುಗನಿಗೆ ಏನು ಕೊಂಡೆನೆಂದು ಗೊತ್ತಿರುವುದಿಲ್ಲ, ಮಾರುವವನಿಗೂ ಹೆಚ್ಚಾಗಿ ಗೊತ್ತಿರುವುದಿಲ್ಲ.

ನೀವು ಬರೆದ ನಿದ್ದೆಯ ಲೆಕ್ಕ ಮಾತ್ರ ಒಂದು ಸುಳಿವು ಕೊಡುತ್ತದೆ. ಎಂಡಿಎಂಎಯ ಪರಿಣಾಮ ಸಾಮಾನ್ಯವಾಗಿ ಮೂರರಿಂದ ಆರು ಗಂಟೆ. ಮೆಥಾಂಫೆಟಮೈನ್ ರಕ್ತದಲ್ಲಿ ಅರ್ಧಕ್ಕೆ ಇಳಿಯಲಿಕ್ಕೇ ಸುಮಾರು ಹತ್ತು ಗಂಟೆ ಬೇಕು. ಎರಡು ರಾತ್ರಿ ಪೂರ್ತಿ ಎಚ್ಚರ, ಮೂರನೆಯ ದಿನ ಹೆಣದಂತೆ ನಿದ್ದೆ ಎಂದರೆ ಅನುಮಾನ ಮೆಥ್ ಕಡೆಗೇ ಹೋಗುತ್ತದೆ. ಜೊತೆಗೆ ಇವನ್ನೂ ನೋಡಿ: ಬೆಳಕಿನಲ್ಲೂ ಅಗಲವಾಗಿಯೇ ಇರುವ ಕಣ್ಣಪಾಪೆ, ದವಡೆ ಕಚ್ಚಿಕೊಂಡೇ ಇರುವುದು, ಒಣಗಿದ ಬಾಯಿ, ಚರ್ಮದಡಿ ಹುಳು ಹರಿದಾಡಿದಂತೆನಿಸಿ ಕೆರೆದುಕೊಂಡ ಕೈಯ ಗಾಯ, ಒಂದೇ ಮೊಬೈಲನ್ನು ಮತ್ತೆ ಮತ್ತೆ ಬಿಚ್ಚಿ ಜೋಡಿಸುವುದು, ಕಿಟಕಿಯ ಪರದೆ ಸರಿಸಿ ‘ಯಾರೋ ನೋಡ್ತಿದ್ದಾರೆ’ ಎನ್ನುವುದು. ಹಾಗೆಂದು ನಿದ್ದೆಗೆಟ್ಟವರೆಲ್ಲ ಮಾದಕ ವ್ಯಸನಿಗಳಲ್ಲ. ಉನ್ಮಾದ ಕಾಯಿಲೆಯಲ್ಲೂ ಥೈರಾಯ್ಡ್ ಹೆಚ್ಚಾದಾಗಲೂ ಹೀಗಾಗುವುದುಂಟು. ಅದಕ್ಕೇ ಪತ್ತೇದಾರಿಕೆ ಬಿಟ್ಟು ವೈದ್ಯರ ಬಳಿ ಹೋಗಬೇಕು.

ಕವರಿನ ವಿಷಯ. ಮೂಸಬೇಡಿ, ನಾಲಗೆಗೆ ತಾಗಿಸಬೇಡಿ. ಬೀರುವಿನಲ್ಲಿ ಬೀಗ ಹಾಕಿ ಇಡುವುದೂ ಬೇಡ, ಪರೀಕ್ಷೆಗೆಂದು ಬಸ್ಸಿನಲ್ಲಿ ಹೊತ್ತು ತಿರುಗುವುದೂ ಬೇಡ. ಮಾದಕ ವಸ್ತುಗಳ ಕುರಿತಾದ 1985ರ ಎನ್‌ಡಿಪಿಎಸ್ ಕಾಯ್ದೆಯಲ್ಲಿ ವಸ್ತು ಯಾರ ವಶದಲ್ಲಿದೆಯೋ ಪ್ರಶ್ನೆ ಅವರಿಗೇ. ಹೆಸರಿನ ಗೊಂದಲ ಇಲ್ಲಿ ದುಬಾರಿಯಾಗುತ್ತದೆ: ‘ಅಲ್ಪ ಪ್ರಮಾಣ’ದ ಮಿತಿ ಮೆಥಾಂಫೆಟಮೈನ್‌ಗೆ 2 ಗ್ರಾಂ, ಎಂಡಿಎಂಎಗೆ ಬರೀ ಅರ್ಧ ಗ್ರಾಂ. ಒಂದು ಗ್ರಾಂ ಹರಳು ಮೆಥ್ ಎಂದಾದರೆ ಶಿಕ್ಷೆ ಹೆಚ್ಚೆಂದರೆ ಒಂದು ವರ್ಷ, ಎಂಡಿಎಂಎ ಎಂದಾದರೆ ಹತ್ತು ವರ್ಷದವರೆಗೆ. ಕಲಬೆರಕೆ ಪುಡಿಯ ತೂಕವೂ ಲೆಕ್ಕಕ್ಕೆ ಸೇರುತ್ತದೆ ಎಂದು 2020ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದ್ದರಿಂದ ತಡಮಾಡದೆ ವಕೀಲರೊಬ್ಬರನ್ನು ಕೇಳಿ, ಅವರ ಮೂಲಕವೇ ಮುಂದಿನ ಹೆಜ್ಜೆ ಇಡಿ.

ಮಾತಾಡುವುದಕ್ಕೆ ಸೋಮವಾರ ಸರಿಯಾದ ದಿನವಲ್ಲ. ಅಮಲು ಇಳಿದ ಆ ಒಂದೆರಡು ದಿನ ಮನಸ್ಸು ಪಾತಾಳಕ್ಕೆ ಬಿದ್ದಿರುತ್ತದೆ, ಸಾಯುವ ಯೋಚನೆ ಬರುವುದೂ ಆಗಲೇ. ಬೈದು, ಹೊಡೆದು ಕೋಣೆಯಲ್ಲಿ ಒಬ್ಬನನ್ನೇ ಬಿಡಬೇಡಿ. ಉಣಬಡಿಸಿ, ಮಲಗಲು ಬಿಡಿ. ಎರಡು ರಾತ್ರಿ ನಿದ್ದೆಯಾದ ಮೇಲೆ ಮನೆಯವರಲ್ಲಿ ಒಬ್ಬರೇ ಕೂತು ಮಾತಾಡಿ, ಮಾವಂದಿರನ್ನೆಲ್ಲ ಕೂರಿಸಿ ಪಂಚಾಯಿತಿ ಮಾಡಬೇಡಿ. ‘ಯಾಕೆ ತಗೊಂಡೆ’ ಎಂದು ಕೇಳಿದರೆ ಸುಳ್ಳು ಉತ್ತರ ಬರುತ್ತದೆ. ‘ವಾರಕ್ಕೆ ಎಷ್ಟು ದಿನ? ಕೊನೆಗೆ ತಗೊಂಡದ್ದು ಯಾವಾಗ? ಸೇದುವುದಾ, ಚುಚ್ಚುವುದಾ? ಯಾರೂ ಇಲ್ಲದಾಗ ಮಾತು ಕೇಳಿಸುತ್ತದಾ? ಸತ್ತುಹೋಗೋಣ ಅನಿಸಿದ್ದುಂಟಾ?’ ಇವನ್ನು ಕೇಳಿ. ಕೊನೆಯ ಎರಡರಲ್ಲಿ ಯಾವುದಕ್ಕೆ ‘ಹೌದು’ ಬಂದರೂ ಅದೇ ದಿನ ಮನೋವೈದ್ಯರ ಹತ್ತಿರ ಕರೆದೊಯ್ಯಿರಿ.

ಪ್ರಶ್ನೆ: ಮೆಡಿಕಲ್ ಶಾಪಿನಲ್ಲಿ ಮೂತ್ರ ಪರೀಕ್ಷೆಯ ಕಿಟ್ ತಂದು ಮಗಳಿಗೆ ಮಾಡಿಸಿದೆ. ಗೆರೆ ಬಂತು. ಈಗ ಏನು? — ತಂದೆ, ಕದ್ರಿ

ಉತ್ತರ: ಮೊದಲು ಗೆರೆ ಎಲ್ಲಿ ಬಂತೆಂದು ಮತ್ತೊಮ್ಮೆ ನೋಡಿ. ಗರ್ಭ ಪರೀಕ್ಷೆಯ ಪಟ್ಟಿಗೆ ಇದು ತದ್ವಿರುದ್ಧ. ‘ಸಿ’ ಮತ್ತು ‘ಟಿ’ ಎರಡೂ ಕಡೆ ಗೆರೆ ಬಂದರೆ ನೆಗೆಟಿವ್. ‘ಟಿ’ ಗೆರೆ ಎಷ್ಟೇ ಮಸುಕಾಗಿದ್ದರೂ ಅದು ನೆಗೆಟಿವೇ. ‘ಸಿ’ ಮಾತ್ರ ಬಂದು ‘ಟಿ’ ಖಾಲಿ ಉಳಿದರೆ ಪಾಸಿಟಿವ್. ಈ ಒಂದು ತಪ್ಪಿನಿಂದ ಮನೆ ಮನೆಯಲ್ಲಿ ರಾದ್ಧಾಂತ ಆಗುತ್ತಿದೆ. ಸಾಮಾನ್ಯವಾಗಿ ಐದು ನಿಮಿಷಕ್ಕೆ ಓದಬೇಕು, ಅರ್ಧ ಗಂಟೆ ಬಿಟ್ಟು ನೋಡಿದ ಪಟ್ಟಿಯನ್ನು ನಂಬಬೇಡಿ.

ನಿಜವಾಗಿ ಪಾಸಿಟಿವ್ ಬಂದರೂ ಅದು ತೀರ್ಪಲ್ಲ. ಶೀತದ ಮಾತ್ರೆಯ ಸ್ಯೂಡೋಎಫೆಡ್ರಿನ್, ಬಿಪಿಗೆ ಕೊಡುವ ಲ್ಯಾಬೆಟಲಾಲ್, ಖಿನ್ನತೆಗೆ ಕೊಡುವ ಬ್ಯುಪ್ರೊಪಿಯಾನ್ ಈ ಗುಂಪಿನ ಉತ್ತೇಜಕಗಳನ್ನು ಹುಡುಕುವ ಆಂಫೆಟಮೈನ್ ಪಟ್ಟಿಯನ್ನು ದಾರಿ ತಪ್ಪಿಸಬಲ್ಲವು. ಖಚಿತವಾಗಬೇಕಾದರೆ ಅದೇ ಮಾದರಿಯನ್ನು ಪ್ರಯೋಗಾಲಯದಲ್ಲಿ ಜಿಸಿ–ಎಂಎಸ್ ಎಂಬ ಹೆಚ್ಚು ನಿಖರ ವಿಧಾನದಲ್ಲಿ ಮತ್ತೆ ಪರೀಕ್ಷಿಸಬೇಕು. ನೆಗೆಟಿವ್ ಬಂದರೂ ನಿರಾಳವಾಗಬೇಡಿ. ಮೂತ್ರದಲ್ಲಿ ಇವು ಸಿಗುವುದು ಸುಮಾರು ಎರಡರಿಂದ ನಾಲ್ಕು ದಿನ. ಮೆಫೆಡ್ರೋನ್ ಅಂತೂ ಸಾಮಾನ್ಯ ಪಟ್ಟಿಗಳಲ್ಲಿ ಹೆಚ್ಚಾಗಿ ಸಿಕ್ಕಿಬೀಳುವುದೇ ಇಲ್ಲ. ನಮ್ಮ ಸಲಹೆ: ಮನೆಯಲ್ಲಿ ಕಿಟ್ ಬೇಡ. ಬಚ್ಚಲ ಬಾಗಿಲಿಗೆ ಅಪ್ಪ ಕಾವಲು ನಿಂತ ಮೇಲೆ ಮಗಳು ಮಾತಾಡುವುದನ್ನೇ ನಿಲ್ಲಿಸುತ್ತಾಳೆ. ಚಿಕಿತ್ಸೆ ಶುರುವಾದ ಮೇಲೆ ವೈದ್ಯರು ಹೇಳಿದ ದಿನ ಪರೀಕ್ಷೆ ಮಾಡಿದರೆ ಅದಕ್ಕೊಂದು ಅರ್ಥ.

ಪ್ರಶ್ನೆ: ಪಾರ್ಟಿಯಲ್ಲಿ ಸ್ನೇಹಿತನಿಗೆ ಏನಾದರೂ ಆದರೆ ‘ತುಂಬ ನೀರು ಕುಡಿಸಿ, ಮಲಗಿಸಿ, ಸರಿಹೋಗುತ್ತದೆ’ ಎನ್ನುತ್ತಾರೆ. ಸರಿಯಾ? — ವಿದ್ಯಾರ್ಥಿ, ಮಣಿಪಾಲ

ಉತ್ತರ: ಎರಡೂ ತಪ್ಪು. ಮೊದಲನೆಯದು ಕೊಲ್ಲಬಲ್ಲದು.

ಎಂಡಿಎಂಎ ಮತ್ತು ಮೆಥ್ ಎರಡೂ ದೇಹದ ಬಿಸಿಯನ್ನು ಏರಿಸುತ್ತವೆ. ಸ್ನಾಯುಗಳು ಬಿಗಿದು ಶಾಖ ಹುಟ್ಟುತ್ತದೆ, ಚರ್ಮದ ರಕ್ತನಾಳ ಕುಗ್ಗಿ ಆ ಶಾಖ ಹೊರಗೆ ಹೋಗುವುದಿಲ್ಲ. ಅದರ ಮೇಲೆ ನಮ್ಮ ಊರಿನ ಸೆಕೆ. ಬೆವರು ಆರಿದರೆ ತಾನೆ ಮೈ ತಂಪಾಗುವುದು? ಕರಾವಳಿಯಲ್ಲಿ ಬೆವರು ಆರುವುದೇ ಇಲ್ಲ, ಸುರಿಯುತ್ತದಷ್ಟೆ. ಮುಚ್ಚಿದ ಕೋಣೆಯಲ್ಲಿ ಕುಣಿಯುತ್ತಿದ್ದವನ ಮೈ 40 ಡಿಗ್ರಿ ಸೆಲ್ಸಿಯಸ್ ದಾಟಿದರೆ ಸ್ನಾಯು ಕರಗಿ ಕಿಡ್ನಿ ಕೆಡುತ್ತದೆ, ರಕ್ತ ಹೆಪ್ಪುಗಟ್ಟುವ ವ್ಯವಸ್ಥೆ ತಪ್ಪುತ್ತದೆ. ಪ್ಯಾರಸಿಟಮಾಲ್ ಕೊಟ್ಟು ಪ್ರಯೋಜನವಿಲ್ಲ. ಸೋಂಕಿನ ಜ್ವರದಲ್ಲಿ ಮಿದುಳೇ ಬಿಸಿಯ ಮಟ್ಟ ಏರಿಸಿರುತ್ತದೆ, ಮಾತ್ರೆ ಅದನ್ನು ಇಳಿಸುತ್ತದೆ. ಇಲ್ಲಿ ಬಿಸಿ ಹುಟ್ಟುವುದು ಸ್ನಾಯುವಿನಲ್ಲಿ.

ಇನ್ನು ನೀರು. ಎಂಡಿಎಂಎ ದೇಹದಲ್ಲಿ ನೀರನ್ನು ಹಿಡಿದಿಡುವ ಹಾರ್ಮೋನನ್ನು ಹೆಚ್ಚಿಸುತ್ತದೆ. ಕುಡಿದ ನೀರು ಮೂತ್ರವಾಗಿ ಹೋಗುವುದಿಲ್ಲ. ಬಾಟಲಿ ಮೇಲೆ ಬಾಟಲಿ ಸುರಿದರೆ ರಕ್ತದ ಸೋಡಿಯಂ ಕುಸಿದು ಮಿದುಳು ಊದಿಕೊಳ್ಳುತ್ತದೆ. ತಲೆನೋವು, ವಾಂತಿ, ತೊದಲು, ಆಮೇಲೆ ಫಿಟ್ಸ್. ‘ಅವನಿಗೆ ಇನ್ನೂ ನೀರು ಸಾಲಲಿಲ್ಲ’ ಎಂದು ಸ್ನೇಹಿತರು ಮತ್ತೆ ಕುಡಿಸುವುದು ಸರಿಯಾಗಿ ಈ ಹೊತ್ತಿಗೇ.

ಮಾಡಬೇಕಾದ್ದು ಇದು. ಮೈ ಕೆಂಡದಂತಿದ್ದರೆ, ಅಸಂಬದ್ಧ ಮಾತಾಡುತ್ತಿದ್ದರೆ, ಎದೆನೋವು ಅಥವಾ ಫಿಟ್ಸ್ ಬಂದರೆ 108ಕ್ಕೆ ಕರೆ ಮಾಡಿ. ಒಬ್ಬರು ಫೋನಿನಲ್ಲಿರುವಾಗಲೇ ಇನ್ನೊಬ್ಬರು ತಂಪು ಮಾಡಲು ಶುರು ಮಾಡಿ. ಎಸಿ ಇರುವ ಕೋಣೆಗೆ ಒಯ್ಯಿರಿ, ಬಟ್ಟೆ ಸಡಿಲಿಸಿ, ಮೈಗೆ ನೀರು ಹಾಕಿ ಫ್ಯಾನ್ ಜೋರಾಗಿ ಇಡಿ. ತೇವದ ಗಾಳಿಯಲ್ಲಿ ಅದು ಅರ್ಧ ಕೆಲಸ ಮಾತ್ರ ಮಾಡುತ್ತದೆ. ಹಾಗಾಗಿ ಐಸನ್ನು ಒದ್ದೆ ಬೈರಾಸಿನಲ್ಲಿ ಸುತ್ತಿ ಕುತ್ತಿಗೆ, ಕಂಕುಳು, ತೊಡೆಸಂದಿಗೆ ಇಡಿ. ಮೀನಂಗಡಿಯ ಐಸಾದರೂ ಸರಿ. ಪೂರ್ತಿ ಎಚ್ಚರವಿದ್ದರೆ ಮಾತ್ರ ಓಆರ್‌ಎಸ್ ಗುಟುಕು ಗುಟುಕಾಗಿ ಕೊಡಿ. ಎಚ್ಚರ ತಪ್ಪಿದವರ ಬಾಯಿಗೆ ಏನೂ ಬೇಡ, ಒಂದು ಮಗ್ಗುಲಿಗೆ ಹೊರಳಿಸಿ, ಉಸಿರು ನೋಡುತ್ತಿರಿ. ಫಿಟ್ಸ್ ಬಂದಾಗ ಕೈಗೆ ಕಬ್ಬಿಣ ಕೊಡುವುದು, ಹಲ್ಲಿನ ಮಧ್ಯೆ ಚಮಚ ತುರುಕುವುದು ಯಾವುದೂ ಬೇಡ. ಕೆರಳಿ ಕೂಗಾಡುತ್ತಿದ್ದರೆ ನಾಲ್ಕು ಜನ ಮೇಲೆ ಬಿದ್ದು ಬೋರಲು ಅದುಮಬೇಡಿ, ಆ ಭಂಗಿಯಲ್ಲಿ ಉಸಿರು ನಿಂತು ಸತ್ತವರಿದ್ದಾರೆ.

ವೈದ್ಯರ ಎದುರು ‘ಊಟದಲ್ಲಿ ಏನೋ ವ್ಯತ್ಯಾಸ’ ಎಂದು ನುಂಗಬೇಡಿ. ಏನು, ಎಷ್ಟು ಹೊತ್ತಿಗೆ, ಕುಡಿದಿದ್ದನೇ, ಖಿನ್ನತೆಯ ಮಾತ್ರೆ ಅಥವಾ ಟ್ರಮಡಾಲ್ ಎಂಬ ನೋವಿನ ಮಾತ್ರೆ ತೆಗೆದುಕೊಳ್ಳುತ್ತಾನೆಯೇ, ಎಷ್ಟು ನೀರು ಕುಡಿದ ಎಂದು ಹೇಳಿ. ಸೋಡಿಯಂ ನೋಡದೆ ಡ್ರಿಪ್ ಏರಿಸಿದರೆ ಏನಾಗುತ್ತದೆಂದು ಮೇಲೆ ಓದಿದಿರಲ್ಲ. ಆಸ್ಪತ್ರೆಯವರು ಎಂಎಲ್‌ಸಿ (ಮೆಡಿಕೋ–ಲೀಗಲ್ ಕೇಸ್) ಬರೆದುಕೊಳ್ಳಬಹುದು. ಅದು ಪೊಲೀಸರಿಗೆ ಕೊಡುವ ಮಾಹಿತಿ, ಬಂಧನವಲ್ಲ.

ಪ್ರಶ್ನೆ: ಪತ್ರಿಕೆ ತೆರೆದರೆ ದಿನವೂ ಎಂಡಿಎಂಎ. ಅಷ್ಟೊಂದು ಹಬ್ಬಿದೆಯಾ, ಅಥವಾ ಗದ್ದಲ ಹೆಚ್ಚಾ? — ಉಪನ್ಯಾಸಕ, ಪುತ್ತೂರು

ಉತ್ತರ: ಎರಡೂ. 2019ರಲ್ಲಿ ಪ್ರಕಟವಾದ ಕೇಂದ್ರ ಸಾಮಾಜಿಕ ನ್ಯಾಯ ಸಚಿವಾಲಯ–ಏಮ್ಸ್ ಸಮೀಕ್ಷೆಯಲ್ಲಿ 10ರಿಂದ 75 ವರ್ಷದವರ ಪೈಕಿ ಆಂಫೆಟಮೈನ್ ಬಗೆಯ ಉತ್ತೇಜಕ ಬಳಸುವವರು ಶೇ 0.18, ಮದ್ಯ ಕುಡಿಯುವವರು ಶೇ 14.6. ಅಂದರೆ ಮನೆ ಹಾಳುಮಾಡುವುದರಲ್ಲಿ ಈಗಲೂ ಬಾಟಲಿಯೇ ಮುಂದೆ. ಆದರೆ ಮನೆಮನೆಗೆ ಹೋಗಿ ಕೇಳುವ ಸಮೀಕ್ಷೆಗೆ ಪಿಜಿಯ ಹುಡುಗರು ಸರಿಯಾಗಿ ಸಿಗುವುದಿಲ್ಲ. 2025ರ ಮಾರ್ಚಿನಲ್ಲಿ ಮಂಗಳೂರು ಸಿಸಿಬಿ ಪೊಲೀಸರು ಬೆಂಗಳೂರಿನಲ್ಲಿ ವಶಪಡಿಸಿಕೊಂಡದ್ದು 37.87 ಕಿಲೋ ಎಂಡಿಎಂಎ, ಬೆಲೆ ಸುಮಾರು 75 ಕೋಟಿ ರೂಪಾಯಿ ಎಂದರು. ಕಾಯ್ದೆಯ ಪ್ರಕಾರ 10 ಗ್ರಾಂ ಆದರೇ ‘ವಾಣಿಜ್ಯ ಪ್ರಮಾಣ’, ಇದು ಅದರ ಮೂರೂವರೆ ಸಾವಿರ ಪಟ್ಟಿಗೂ ಹೆಚ್ಚು. ಒಂದು ಮಾತು ನೆನಪಿರಲಿ: ವಶವಾದ ತೂಕ ಪೊಲೀಸರು ಎಷ್ಟು ಹುಡುಕಿದರೆಂದು ಹೇಳುತ್ತದೆ, ಎಷ್ಟು ಜನ ಬಳಸುತ್ತಾರೆಂದು ಹೇಳುವುದಿಲ್ಲ.

ಪ್ರಶ್ನೆ: ಬೋಟಿನಲ್ಲಿ ಕೆಲವರು ನಿದ್ದೆ ಬಾರದ ಮಾತ್ರೆ ಇಟ್ಟುಕೊಳ್ಳುತ್ತಾರೆ ಎಂಬ ಮಾತಿದೆ. — ಬೋಟ್ ಮಾಲಕ, ಮಲ್ಪೆ

ಉತ್ತರ: ಮಾತ್ರೆ ನಿದ್ದೆಯ ಸಾಲ ತೀರಿಸುವುದಿಲ್ಲ, ವಸೂಲಿ ಮುಂದೂಡುತ್ತದೆ ಅಷ್ಟೆ. ಪರಿಣಾಮ ಇಳಿದಾಗ ನಿಂತಲ್ಲೇ ಕೆಲವು ಸೆಕೆಂಡು ತೂಕಡಿಕೆ ಬರುತ್ತದೆ. ವಿಂಚಿನ ರೋಪಿನ ಪಕ್ಕ ನಿಂತವನಿಗೆ ಅಷ್ಟೇ ಸಾಕು. ಎಂಜಿನ್ ಕೋಣೆಯ ಶಾಖದಲ್ಲಿ ಮೈ ಬಿಸಿ ಏರುವ ಅಪಾಯ ಇನ್ನೂ ಹೆಚ್ಚು. ಜೇಬು ಜಾಲಾಡುವುದಕ್ಕಿಂತ ಪಾಳಿ ಸರಿಮಾಡಿ, ಬಲೆ ಎಳೆಯುವ ಎರಡು ಸರದಿಯ ನಡುವೆ ಒಂದೇ ಸಮನೆ ಮಲಗಲು ಬಿಡಿ. ಕಡಲಿನಲ್ಲಿ ಯಾರಿಗಾದರೂ ಹೀಗಾದರೆ ವಿಎಚ್‌ಎಫ್ ರೇಡಿಯೊದ ಚಾನೆಲ್ 16ರಲ್ಲಿ ಕರೆಯಿರಿ, ಫೋನ್ ಸಿಗ್ನಲ್ ಇದ್ದರೆ ಕೋಸ್ಟ್ ಗಾರ್ಡಿನ 1554. ಮೈ ತಂಪು ಮಾಡಲು ಮೀನಿನ ಐಸ್ ಬೋಟಿನಲ್ಲೇ ಇದೆ.

ಪ್ರಶ್ನೆ: ತಮ್ಮನನ್ನು ವ್ಯಸನಮುಕ್ತಿ ‘ಸೆಂಟರಿಗೆ’ ಹಾಕಲು ಮನೆಯಲ್ಲಿ ನಿರ್ಧರಿಸಿದ್ದಾರೆ. ಜೀಪಿನಲ್ಲಿ ಬಂದು ಕಟ್ಟಿಕೊಂಡು ಹೋಗುತ್ತಾರಂತೆ. ಆಸ್ಪತ್ರೆಗೆ ಹೋದರೆ ಕೇಸಾಗುತ್ತದೆ ಎಂಬ ಹೆದರಿಕೆ. — ಅಕ್ಕ, ಬಿ.ಸಿ. ರೋಡ್

ಉತ್ತರ: ಕಟ್ಟಿ ಒಯ್ಯುವ ಜಾಗಕ್ಕೆ ಬೇಡವೇ ಬೇಡ. 2017ರ ಮಾನಸಿಕ ಆರೋಗ್ಯ ಕಾಯ್ದೆ ಸಂಕೋಲೆ ಹಾಕುವುದನ್ನು ನಿಷೇಧಿಸಿದೆ. ಒಪ್ಪದವರನ್ನು ಸೇರಿಸಲೂ ಅದರಲ್ಲಿ ದಾರಿಯಿದೆ, ಆದರೆ ತಮಗೋ ಬೇರೆಯವರಿಗೋ ಅಪಾಯವಾಗುವ ಸ್ಥಿತಿ ಇರಬೇಕು, ಒಬ್ಬ ಮನೋವೈದ್ಯರೂ ಸೇರಿ ಇಬ್ಬರು ಬೇರೆ ಬೇರೆಯಾಗಿ ಪರೀಕ್ಷಿಸಿರಬೇಕು, ಮೊದಲ ಅವಧಿ 30 ದಿನ ಮೀರುವಂತಿಲ್ಲ. ಹೀಗೆ ಪರೀಕ್ಷಿಸಿದ ಕಾಗದ ತೋರಿಸದ ಸೆಂಟರಿನಿಂದ ದೂರವಿರಿ.

ಕೇಸಿನ ಹೆದರಿಕೆಗೆ ಎನ್‌ಡಿಪಿಎಸ್ ಕಾಯ್ದೆಯ 64ಎ ಕಲಂ ಓದಿ. ಸೇವನೆಯ ಅಥವಾ ಅಲ್ಪ ಪ್ರಮಾಣದ ಆರೋಪವಿರುವ ವ್ಯಸನಿ ತಾನಾಗಿಯೇ ಸರ್ಕಾರಿ ಅಥವಾ ಸರ್ಕಾರ ಮಾನ್ಯ ಮಾಡಿದ ಆಸ್ಪತ್ರೆಯಲ್ಲಿ ಚಿಕಿತ್ಸೆ ಪಡೆದರೆ ಅದಕ್ಕಾಗಿ ಅವನ ಮೇಲೆ ಮೊಕದ್ದಮೆ ನಡೆಯುವುದಿಲ್ಲ. ಚಿಕಿತ್ಸೆ ಪೂರ್ತಿ ಮಾಡದಿದ್ದರೆ ರಕ್ಷಣೆ ಹಿಂತೆಗೆಯಬಹುದು. ಮಾರಿದವನಿಗೆ ಇದು ಅನ್ವಯಿಸುವುದಿಲ್ಲ. ಮಂಗಳೂರಿನ ವೆನ್ಲಾಕ್, ಉಡುಪಿ ಅಜ್ಜರಕಾಡಿನ ಜಿಲ್ಲಾಸ್ಪತ್ರೆಯಲ್ಲಿ ಮನೋವೈದ್ಯರನ್ನು ಕಾಣಿ. ಫೋನಿನಲ್ಲಿ ಮೊದಲು ಕೇಳಬೇಕೆಂದರೆ ವ್ಯಸನಮುಕ್ತಿಗೆ 14446, ಮನಸ್ಸಿನ ತೊಂದರೆಗೆ ಟೆಲಿ ಮಾನಸ್ 14416.

ಏನನ್ನು ನಿರೀಕ್ಷಿಸಬೇಕು? ಹೆರಾಯಿನ್ ಚಟಕ್ಕೆ ಬದಲಿ ಔಷಧಿ ಇದೆ, ಮೆಥ್‌ಗೆ ಅಂಥದ್ದು ಇಲ್ಲ. ಮೊದಲ ವಾರ ಹತ್ತು ದಿನ ನಿದ್ದೆ, ಹಸಿವು, ಅಳು. ಆಮೇಲಿನದ್ದೇ ಕಷ್ಟ: ತಿಂಗಳುಗಟ್ಟಲೆ ಯಾವುದರಲ್ಲೂ ರುಚಿ ಇರುವುದಿಲ್ಲ, ಇಷ್ಟದ ಕೋರಿ ರೊಟ್ಟಿಯೂ ಮಣ್ಣಿನಂತೆ. ‘ಡಿಸ್ಚಾರ್ಜ್ ಆಯಿತಲ್ಲ, ಇನ್ನೇನು’ ಎಂದು ಮನೆಯವರು ಕೈಬಿಡುವುದೂ ಆಗಲೇ. ಇದ್ದುದರಲ್ಲಿ ಹೆಚ್ಚು ಪುರಾವೆ ಇರುವ ವಿಧಾನ ಸರಳ: ವಾರಕ್ಕೆ ಎರಡು ಮೂರು ಸಲ ಪರೀಕ್ಷೆ, ನೆಗೆಟಿವ್ ಬಂದ ಪ್ರತಿ ಸಲವೂ ಅಲ್ಲೇ ಒಂದು ಸಣ್ಣ ಬಹುಮಾನ, ಜೊತೆಗೆ ಆಪ್ತ ಸಮಾಲೋಚನೆ. ಪಾಸಿಟಿವ್ ಬಂದರೆ ಬೈಗುಳವಿಲ್ಲ, ಬಹುಮಾನವೂ ಇಲ್ಲ. ನಗದು ಮಾತ್ರ ಕೈಗೆ ಕೊಡಬೇಡಿ, ಮೊಬೈಲ್ ರೀಚಾರ್ಜ್ ಆಗಬಹುದು.

ಪ್ರಶ್ನೆ: ಮಗನಿಗೆ ಎಡಿಎಚ್‌ಡಿಗೆ (ಗಮನ ನಿಲ್ಲದ, ಅತಿ ಚಟುವಟಿಕೆಯ ತೊಂದರೆ) ಮೀಥೈಲ್‌ಫೆನಿಡೇಟ್ ಕೊಡುತ್ತಿದ್ದೇವೆ. ಅದೂ ಉತ್ತೇಜಕ ಎಂದು ಗೊತ್ತಾಯಿತು. ನಿಲ್ಲಿಸಲೇ? — ತಾಯಿ, ಕುಂದಾಪುರ

ಉತ್ತರ: ನೀವಾಗಿಯೇ ನಿಲ್ಲಿಸಬೇಡಿ. ವೈದ್ಯರು ಹೇಳಿದ ಪ್ರಮಾಣದಲ್ಲಿ ಬಾಯಿಯ ಮೂಲಕ ನಿಧಾನವಾಗಿ ಒಳಸೇರುವ ಮಾತ್ರೆಯೂ ಸೇದುವ ಹರಳೂ ಒಂದೇ ಅಲ್ಲ. ಅಪಾಯ ಇರುವುದು ಪರೀಕ್ಷೆಯ ಹೊತ್ತಿಗೆ ‘ಒಂದು ಕೊಡು ಮಾರಾಯ’ ಎಂದು ಕೇಳುವ ಗೆಳೆಯರಿಂದ. ಸ್ಟ್ರಿಪ್ಪನ್ನು ಅವನ ಬ್ಯಾಗಿನಲ್ಲಿ ಬಿಡದೆ ನಿಮ್ಮ ಬೀರುವಿನಲ್ಲಿಟ್ಟು, ಭಾನುವಾರಕ್ಕೊಮ್ಮೆ ಮಾತ್ರೆ ಎಣಿಸಿ.